ಬಿಡಿಸೋ ಸಾಹೇಬರ ಸರಕಾರಿ ಮೊಕದ್ದಮೆ

ನ್ಯಾಯಾಸನದ ಎದುರು ಮನುಷ್ಯ ಯಾವ ಪಕ್ಷಕ್ಕೆ ನಿಲ್ಲುತ್ತಾನೆ ಎಂಬುದರ ಮೇಲೆ ಅವನ ಅಂತಃಕರಣದ ಸ್ವರೂಪವೇ ನಿರ್ಧಾರವಾಗುತ್ತದೆ. ನನ್ನ ಅನುಭವದಲ್ಲಿ ನಿರ್ಧಾರವಾದದ್ದು ಗಾಳಿ. ಆರೋಪಿಯ ವಕೀಲರು ಕೂಡುವ ಬೆಂಚು ಕಿಟಕಿಯ ಕಡೆಗಿತ್ತು, ಸರಕಾರಿ ವಕೀಲರದು ಗೋಡೆಯ ಕಡೆಗೆ. ಹದಿನೈದು ವರ್ಷ ಕಿಟಕಿಯ ಕಡೆ ಕೂತವನು ಒಂದು ದಿನ ಎದ್ದು ಗೋಡೆಯ ಕಡೆ ಹೋಗಿ ಕೂತೆ. ನಡೆದದ್ದು ನಾಲ್ಕು ಹೆಜ್ಜೆ. ಆ ನಾಲ್ಕು ಹೆಜ್ಜೆಯ ಸುದ್ದಿ ನನ್ನ ಕಕ್ಷಿದಾರರಿಗೆ ಕೊನೆಯವರೆಗೂ ಮುಟ್ಟಲಿಲ್ಲ. ಮುಟ್ಟಿದವರು ನಂಬಲಿಲ್ಲ.

ನಾನು ಇಂಡಿ ತಾಲೂಕಿನಲ್ಲಿ ವಕೀಲಿ ಸುರು ಮಾಡಿ, ಸಿಂದಗಿಯಲ್ಲಿ ಹೆಸರು ಮಾಡಿ, ಮುದ್ದೇಬಿಹಾಳದಲ್ಲಿ ಆ ಹೆಸರು ಕೆಡಿಸಿಕೊಂಡು, ಬಸವನ ಬಾಗೇವಾಡಿಯಲ್ಲಿ ಮನೆ ಮಾಡಿದವನು. ಮಾಡುತ್ತಿದ್ದದ್ದೆಲ್ಲ ಫೌಜದಾರಿ ಕೆಲಸ, ಅದೂ ಆರೋಪಿಯ ಕಡೆಯಿಂದ. ತಾಂಬಾದವರು ಬದುವಿನ ಮೇಲೆ ಬಡಿದಾಡಿಕೊಂಡರೂ, ಮೋರಟಗಿಯವರು ಬಾರುಕೋಲು ಎತ್ತಿಕೊಂಡರೂ, ಮರುದಿನ ಬೆಳಿಗ್ಗೆ ಮೊದಲ ಬಸ್ಸಿಗೆ ಬಂದು ನನ್ನ ಕಟ್ಟೆಯ ಮೇಲೆ ಕೂತಿರುತ್ತಿದ್ದರು. ನಾಲ್ಕೂ ತಾಲೂಕಿನಲ್ಲಿ ನನಗೆ ಇದ್ದ ಬಿರುದು ಒಂದೇ: ಬಿಡಿಸೋ ಸಾಹೇಬ್ರು.

ನನ್ನ ಕಚೇರಿಯ ಪದ್ಧತಿಯನ್ನು ಇಲ್ಲಿ ಹೇಳಬೇಕು, ಮುಂದಿನ ಅನಾಹುತವೆಲ್ಲ ಅದರಿಂದಲೇ ಆದದ್ದು. ಸಾಕ್ಷಿ ಹೇಳುವವರು ತಾರೀಖಿನ ದಿನ ಮುಂಜಾನೆ ನನ್ನ ಕೋಣೆಗೆ ಬರುತ್ತಿದ್ದರು. ಏನು ಹೇಳಬೇಕೆಂದು ಕೇಳುತ್ತಿದ್ದರು. ನಾನು ಕನ್ನಡಕ ಸರಿಪಡಿಸಿಕೊಂಡು, ಗೋಡೆಗೂ ಕೇಳುವ ಹಾಗೆ, "ಕಣ್ಣಾರೆ ನೋಡಿದ್ದನ್ನ ಹೇಳ್ರಿ, ನೋಡದ್ದನ್ನ ಹೇಳಬ್ಯಾಡ್ರಿ" ಎನ್ನುತ್ತಿದ್ದೆ. ಆ ಮಾತಿನಲ್ಲಿ ಕಾಯ್ದೆಗೆ ವಿರುದ್ಧವಾದದ್ದು ಒಂದು ಅಕ್ಷರವೂ ಇರಲಿಲ್ಲ. ಅವರು ಕೈಮುಗಿದು ಹೊರಗೆ ಹೋಗುತ್ತಿದ್ದರು. ಹೊರಗೆ ಕಟ್ಟೆಯ ಮೇಲೆ ನನ್ನ ಕಾರಕೂನ ಎಲೆ ಅಡಿಕೆ ಹಾಕಿಕೊಂಡು ಕೂತಿರುತ್ತಿದ್ದ. ಅವನು ಅವರ ಜೊತೆ ಐದು ನಿಮಿಷ ಮಾತನಾಡುತ್ತಿದ್ದ. ಏನು ಮಾತನಾಡುತ್ತಿದ್ದ ಎಂದು ನಾನು ಹದಿನೈದು ವರ್ಷದಲ್ಲಿ ಒಮ್ಮೆಯೂ ಕೇಳಲಿಲ್ಲ. ಕೇಳದೆ ಇರುವುದಕ್ಕೆ ಎಷ್ಟು ಶ್ರಮ ಬೇಕು ಎಂಬುದು ವಕೀಲಿ ಮಾಡಿದವರಿಗೆ ಮಾತ್ರ ಗೊತ್ತು. ಅಂತೂ ಕೋರ್ಟಿಗೆ ಬರುವಷ್ಟರಲ್ಲಿ ಆ ಸಾಕ್ಷಿಗಳಿಗೆ ತಾವು ನೋಡಿದ್ದು ಬಹಳ ಕಡಿಮೆ ಎಂಬ ತಿಳಿವಳಿಕೆ ಮೂಡಿರುತ್ತಿತ್ತು. ಒಬ್ಬನಿಗೆ ಕತ್ತಲಾಗಿತ್ತು, ಇನ್ನೊಬ್ಬ ಎತ್ತಿಗೆ ನೀರು ಕುಡಿಸುತ್ತಿದ್ದ, ಮತ್ತೊಬ್ಬ ಪಂಚನಾಮೆಗೆ ಚಹದ ಅಂಗಡಿಯಲ್ಲಿ ಓದದೇ ಸಹಿ ಮಾಡಿದ್ದ.

ಹೀಗೆ ಬಿಡಿಸಿಕೊಂಡವರು, ಬಿಡಿಸಿಕೊಂಡವರ ಅಣ್ಣತಮ್ಮಂದಿರು, ಮುಂದೆ ಎಂದಾದರೂ ಬಿಡಿಸಿಕೊಳ್ಳಬೇಕಾದೀತು ಎಂಬ ದೂರದೃಷ್ಟಿಯುಳ್ಳವರು, ಎಲ್ಲರೂ ಸೇರಿ ಎಪ್ಪತ್ತರ ದಶಕದ ಮೊದಲಿಗೆ ನನ್ನನ್ನು ವಿಧಾನಸಭೆಗೆ ಕಳಿಸಿದರು. ಯಾವ ಮತಕ್ಷೇತ್ರ ಎಂದು ಹೇಳುವುದಿಲ್ಲ. ಆರಿಸಿದವರಿಗೆ ಈಗ ಮುಜುಗರವಾಗಬಾರದು.

ಶಾಸಕನಾದರೆ ಶಾಸನ ಮಾಡಬೇಕಾಗುತ್ತದೆ ಎಂಬ ಕಲ್ಪನೆಯಿಂದ ನಾನು ಎರಡು ಟ್ರಂಕು ಕಾಯ್ದೆ ಪುಸ್ತಕ ಹೊತ್ತುಕೊಂಡು ಬೆಂಗಳೂರಿಗೆ ಹೋದೆ. ಅವುಗಳ ಮೇಲೆ ಇಸ್ತ್ರಿ ಮಾಡಿದ ಅಂಗಿ ಇಡಲು ಅನುಕೂಲವಾಯಿತು. ನನ್ನಿಂದ ಬೇಕಾಗಿದ್ದದ್ದು ಚೀಟಿ. ಮಾಸ್ತರನ ವರ್ಗಾವಣೆಗೆ ಚೀಟಿ, ದವಾಖಾನೆಯಲ್ಲಿ ಹಾಸಿಗೆಗೆ ಚೀಟಿ, ಠಾಣೆಯಲ್ಲಿ ಕೂಡಿಸಿಕೊಂಡ ಅಳಿಯನಿಗೆ ಚೀಟಿ. ದೇವಣಗಾಂವದಿಂದ ಒಬ್ಬ ಹಿರಿಯ ಮೂರು ಬಸ್ಸು ಬದಲಿಸಿ ಬೆಂಗಳೂರಿನ ಶಾಸಕರ ಭವನಕ್ಕೆ ಬಂದು, ತನ್ನ ಎಮ್ಮೆ ಪಕ್ಕದ ಮನೆಯವನ ಹಿತ್ತಲಿಗೆ ಹೋಗುತ್ತದೆ, ಅವನಿಗೆ ಒಂದು ಚೀಟಿ ಬರೆಯಿರಿ ಎಂದು ಕೇಳಿದ. ಪಕ್ಕದ ಮನೆಯವನಿಗೆ ಓದಲು ಬರುತ್ತದೆಯೇ ಎಂದು ಕೇಳಿದೆ. ಬರುವುದಿಲ್ಲ, ಆದರೆ ಚೀಟಿ ನೋಡಿದರೆ ಸಾಕು ಎಂದ. ಬರೆದುಕೊಟ್ಟೆ. ಎಮ್ಮೆ ನಿಂತಿತಂತೆ. ನನ್ನ ಐದು ವರ್ಷದ ರಾಜಕಾರಣದಲ್ಲಿ ಸಂಪೂರ್ಣ ಜಾರಿಯಾದ ಆದೇಶ ಅದೊಂದೇ.

ಅವಧಿಯ ಕೊನೆಯಲ್ಲಿ ಬಾಗೇವಾಡಿ ತಾಲೂಕಿನ ಒಂದು ಸಣ್ಣ ಊರಿಗೆ ನಾನು ಓಡಾಡಿ ಒಂದು ಶಾಖಾ ಅಂಚೆ ಕಚೇರಿ ಮಂಜೂರು ಮಾಡಿಸಿದೆ. ಆ ಊರಿನಲ್ಲಿ ಮ್ಯಾಟ್ರಿಕ್ ಪಾಸಾದ ಒಬ್ಬ ಮನುಷ್ಯ ಇದ್ದ, ಮೃದು ಮಾತಿನವನು, ಬಿಳೀ ಟೊಪ್ಪಿಗೆಯವನು. ಅವನನ್ನೇ ಪೋಸ್ಟ್ ಮಾಸ್ಟರ್ ಮಾಡಬೇಕೆಂದು ಊರವರು ಕೇಳಿದರು. ನಾನು ಚೀಟಿ ಬರೆದೆ. ಉದ್ಘಾಟನೆಯ ದಿನ ನನಗೆ ಹಾರ ಹಾಕಿ, ಪತ್ರದ ಡಬ್ಬಿಯ ಪಕ್ಕ ನಿಲ್ಲಿಸಿ ಫೋಟೋ ತೆಗೆಸಿದರು. ಡಬ್ಬಿ ಚೆನ್ನಾಗಿ ಬಂದಿತ್ತು.

ಮುಂದಿನ ಚುನಾವಣೆಗೆ ನನಗೆ ಟಿಕೆಟ್ಟು ಸಿಗಲಿಲ್ಲ. ಸಮಾಧಾನಕ್ಕೆಂದು ಜಿಲ್ಲೆಯಲ್ಲಿ ಕೇಂದ್ರ ಸರಕಾರದ ಫೌಜದಾರಿ ಮೊಕದ್ದಮೆ ನಡೆಸುವ ವಕೀಲನನ್ನಾಗಿ ಮಾಡಿದರು. ರೈಲು, ಅಂಚೆ, ಅಬಕಾರಿ ಎಂದು ದಿಲ್ಲಿಗೆ ಸಂಬಂಧಪಟ್ಟ ಕಳವು, ಮೋಸಗಳ ಕೇಸುಗಳಲ್ಲಿ ನಾನು ಇನ್ನು ಮುಂದೆ ಆರೋಪಿಗೆ ಶಿಕ್ಷೆಯಾಗಲಿ ಎಂದು ವಾದಿಸಬೇಕು. ಸುದ್ದಿ ಕೇಳಿ ಜನ ಗುಂಪುಗುಂಪಾಗಿ ಅಭಿನಂದಿಸಲು ಬಂದರು. ಇಷ್ಟು ದಿನ ಸಾಹೇಬರು ಜಿಲ್ಲೆಯ ಮಟ್ಟದಲ್ಲಿ ಬಿಡಿಸುತ್ತಿದ್ದರು, ಇನ್ನು ಮೇಲೆ ದಿಲ್ಲಿಯ ಮಟ್ಟದಲ್ಲಿ ಬಿಡಿಸುತ್ತಾರೆ ಎಂಬುದು ಅವರ ಸಂತೋಷದ ತಿರುಳಾಗಿತ್ತು. ನಾನು ಬಿಡಿಸಿ ಹೇಳಿದೆ. ತಲೆಯಾಡಿಸಿದರು. ಇನ್ನೊಮ್ಮೆ ಹೇಳಿದೆ. ಇಂಥ ದೊಡ್ಡ ಜಾಗದಲ್ಲಿ ಕೂತವರು ಹಾಗೇ ಹೇಳಬೇಕಾಗುತ್ತದೆ ಎಂದು ಒಬ್ಬರಿಗೊಬ್ಬರು ಸಮಜಾಯಿಷಿ ಕೊಟ್ಟುಕೊಂಡು ಹೋದರು.

ನನಗೆ ಬಂದ ಮೊದಲ ದೊಡ್ಡ ಮೊಕದ್ದಮೆ ಆ ಪೋಸ್ಟ್ ಮಾಸ್ಟರನದು.

ಅದೇ ಊರಿನಲ್ಲಿ ಒಂದು ಪಿಂಜಾರರ ಮನೆ. ತಂದೆ ಹತ್ತಿ ಹಿಂಜಿ ಗಾದಿ ಹೊಲಿಯುವವನು. ಮಗಳು ಶಿಕ್ಷಕಿಯ ತರಬೇತಿ ಮುಗಿಸಿದ್ದಳು, ಆ ಮನೆತನದಲ್ಲಿ ಸಾಲಿ ದಾಟಿದವಳು ಅವಳೇ ಮೊದಲು. ಪ್ರಾಥಮಿಕ ಶಾಲೆಯ ನೌಕರಿಗೆ ಆಯ್ಕೆಯಾಗಿ ಅವಳ ಹೆಸರಿಗೆ ಆದೇಶ ರಿಜಿಸ್ಟರ್ಡ್ ಟಪಾಲಿನಲ್ಲಿ ಬಂತು. ಅವಳ ಕೈಗೆ ಬರಲಿಲ್ಲ. ಪಟ್ಟಿಯಲ್ಲಿ ಅವಳ ನಂತರದ ಹೆಸರು ಪೋಸ್ಟ್ ಮಾಸ್ಟರನ ಅಕ್ಕನ ಮಗನದು. ಹೇಳಿದ ಅವಧಿಯೊಳಗೆ ಹುಡುಗಿ ಹಾಜರಾಗಲಿಲ್ಲವೆಂದು ಆದೇಶ ರದ್ದಾಗಿ, ಅಕ್ಕನ ಮಗ ಮಾಸ್ತರನಾದ.

ಹುಡುಗಿ ತಾನೇ ಶಿಕ್ಷಣದ ಕಚೇರಿಗೆ ಹೋಗಿ ಕೇಳಿದಾಗ, ಟಪಾಲು ಮುಟ್ಟಿದ್ದಕ್ಕೆ ಪುರಾವೆ ಇದೆ ಎಂದು ಅಂಚೆಯ ರಸೀದಿ ತೋರಿಸಿದರು. ಅದರಲ್ಲಿ ಹೆಬ್ಬೆಟ್ಟಿನ ಗುರುತಿತ್ತು. ಎರಡು ವರ್ಷ ಮಕ್ಕಳಿಗೆ ಅಕ್ಷರ ಕಲಿಸುವ ವಿದ್ಯೆ ಕಲಿತವಳು ಹೆಬ್ಬೆಟ್ಟು ಒತ್ತಿದ್ದಾಳೆ ಎಂಬುದು ಅಲ್ಲಿ ಯಾರಿಗೂ ವಿಚಿತ್ರವೆನಿಸಲಿಲ್ಲ. ಅವಳು ಅಂಚೆಯವರಿಗೆ ಅರ್ಜಿ ಬರೆದಳು. ಅಂಚೆಯ ಇನ್ಸ್‌ಪೆಕ್ಟರು ಪೊಲೀಸರೊಂದಿಗೆ ಪೋಸ್ಟ್ ಮಾಸ್ಟರನ ಮನೆ ಶೋಧಿಸಿದರು. ಇಬ್ಬರು ಪಂಚರ ಎದುರಿಗೆ ಆ ಲಕೋಟೆ ಸಿಕ್ಕಿತು. ಪಂಚನಾಮೆಯಲ್ಲಿ ಬರೆದದ್ದನ್ನು ಹಾಗೇ ಹೇಳಬೇಕೆಂದರೆ, 'ಪಡಸಾಲೆಯ ಪೂರ್ವದ ಗೋಡೆಗೆ ತೂಗುಹಾಕಿದ, ಅಂದಿನ ಶಾಸಕರು ಅಂಚೆ ಡಬ್ಬಿಯ ಪಕ್ಕ ನಿಂತಿರುವ ಕಟ್ಟು ಹಾಕಿದ ಫೋಟೋದ ಹಿಂದೆ'.

ಅಂದಿನ ಶಾಸಕರು ಇಂದಿನ ಸರಕಾರಿ ವಕೀಲರಾಗಿ ಈ ಕಾಗದ ಓದಿದರು.

ಈ ಮನುಷ್ಯನಿಗೆ ಶಿಫಾರಸು ಮಾಡಿದವನು ನಾನೇ, ನನ್ನ ಫೋಟೋ ಮುದ್ದೆಮಾಲಿನಲ್ಲಿದೆ, ಬೇರೆ ಯಾರಿಗಾದರೂ ಈ ಕೇಸು ಕೊಡಿ ಎಂದು ಮೇಲಿನವರಿಗೆ ಬರೆದೆ. ಶಿಫಾರಸು ಮಾಡುವುದು ಅಪರಾಧವಲ್ಲ, ಫೋಟೋ ತೆಗೆಸಿಕೊಳ್ಳುವುದೂ ಅಲ್ಲ, ಮುಂದುವರಿಯಿರಿ ಎಂದು ಉತ್ತರ ಬಂತು.

ಹುಡುಗಿಯ ಕಡೆಯಿಂದ ವಿಷಯ ಇಷ್ಟೇ. ಟಪಾಲು ಅವಳಿಗೆ ಮುಟ್ಟಿಲ್ಲ ಎಂದು ಕೋರ್ಟು ಹೇಳಿದರೆ ಅವಳ ನೇಮಕವನ್ನು ಮತ್ತೆ ಪರಿಶೀಲಿಸುತ್ತೇವೆ ಎಂದು ಶಿಕ್ಷಣದ ಕಚೇರಿಯವರು ಬರೆದುಕೊಟ್ಟಿದ್ದರು. ಅವರಿಗೆ ಲಕೋಟೆ ಬೇಕಿರಲಿಲ್ಲ, ತೀರ್ಪು ಬೇಕಿತ್ತು. ಮತ್ತು ಆ ದೀಪಾವಳಿ ದಾಟಿದರೆ ಅವಳ ವಯಸ್ಸು ಮಿತಿ ಮೀರುತ್ತಿತ್ತು. ಆಮೇಲೆ ಯಾವ ಕೋರ್ಟು ಏನು ಹೇಳಿದರೂ ಅವಳು ಮಾಸ್ತರಣಿ ಆಗುವ ಹಾಗಿರಲಿಲ್ಲ. ಅಪ್ಪನ ಜೊತೆ ಗಾದಿ ಹೊಲಿಯಬೇಕು, ಇಲ್ಲವೆ ಬಂದ ವರನಿಗೆ ಹೂಂ ಅನ್ನಬೇಕು.

ಕೇಸು ನಿಂತಿದ್ದು ಇಬ್ಬರು ಪಂಚರ ಮೇಲೆ. ಒಬ್ಬ ಮುದುಕ ರೈತ. ಹಿಂದೆ ಎರಡು ಹೊಡೆದಾಟದ ಕೇಸಿನಲ್ಲಿ ನಾನೇ ಅವನನ್ನು ಬಿಡಿಸಿದ್ದೆ, ಮೂರು ಕೇಸಿನಲ್ಲಿ ಅವನು ನನ್ನ ಕಕ್ಷಿದಾರರ ಪರವಾಗಿ ಏನೂ ನೋಡಿರಲಿಲ್ಲ. ಇನ್ನೊಬ್ಬ ಕಿರಾಣಿ ಅಂಗಡಿಯವನು. ಅವನು ಎಲ್ಲದರಲ್ಲಿಯೂ ಮುದುಕ ಹೇಳಿದ ಹಾಗೆ.

ತಾರೀಖಿನ ದಿನ ಮುಂಜಾನೆ ಇಬ್ಬರೂ ನನ್ನ ಮನೆಗೆ ಬಂದರು. ಮುದುಕ ಹಸಿ ಶೇಂಗಾ ಗಿಡದ ಒಂದು ಹೊರೆ ತಂದು ಬಾಗಿಲಲ್ಲಿ ಇಟ್ಟ. ಸರಕಾರಿ ವಕೀಲನಿಗೆ ಸಾಕ್ಷಿಗಳು ಏನೂ ಕೊಡಬಾರದು ಎಂದೆ. ಇದು ವಕೀಲರಿಗಲ್ಲ, ಅಕ್ಕಾವರಿಗೆ ಎಂದು ನನ್ನ ಹೆಂಡತಿಯನ್ನು ಕರೆದು ಒಪ್ಪಿಸಿದ. ಆಮೇಲೆ ಕೆಳಗೆ ಕೂತು, ಟೊಪ್ಪಿಗೆ ಮೊಣಕಾಲ ಮೇಲೆ ಇಟ್ಟು, ಕೇಳಿದ.

"ಏನ ಹೇಳಬೇಕ್ರಿ ಸಾಹೇಬ್ರ?"

"ನೋಡಿದ್ದು ಹೇಳು."

"ಅದು ಆತ್ರಿ. ಕೋರ್ಟಿನ್ಯಾಗ ಏನ ಹೇಳಬೇಕು?"

ನಾನು ಕುರ್ಚಿಯಿಂದ ಎದ್ದೆ. "ಯಜಮಾನಾ, ನಾ ಈಗ ಆರೋಪಿ ಕಡೆ ಇಲ್ಲ. ಸರಕಾರದ ಕಡೆ ಅದೇನಿ. ಅವಗ ಶಿಕ್ಷಾ ಆಗಬೇಕು ಅಂತ ನಾನ ವಾದ ಮಾಡಾಕತ್ತೇನಿ. ಲಕೋಟಿ ಸಿಕ್ಕಿದ್ದು ನೀ ನೋಡಿದಿ ಇಲ್ಲೋ?"

"ನೋಡೇನ್ರಿ. ನಿಮ್ಮ ಫೋಟೋ ನಾನ ಹಿಡಿದಿದ್ನಿ, ಬಿದ್ದು ಒಡದೀತು ಅಂತ."

"ಅದನ್ನ ಹೇಳು."

ಮುದುಕ ಹಿಂದಕ್ಕೆ ತಿರುಗಿ ಬಾಗಿಲ ಕಡೆ ನೋಡಿದ. ಅಲ್ಲಿ ಸರಕಾರ ನನಗೆ ಕೊಟ್ಟ ಜವಾನ ನಿಂತಿದ್ದ, ಹೊಸಬ, ಬೇರೆ ಊರಿನವನು. ಮುದುಕ ಬಹಳ ಹೊತ್ತು ಅವನನ್ನು ನೋಡಿ, ನನ್ನ ಕಡೆ ತಿರುಗಿ, ದನಿ ಇಳಿಸಿ, "ತಿಳೀತ್ರಿ" ಎಂದ. ಏನು ತಿಳಿಯಿತು ಎಂದು ನಾನು ಕೇಳಬೇಕಾಗಿತ್ತು. ಕೇಳದೆ ಇರುವ ಅಭ್ಯಾಸ ಅಡ್ಡ ಬಂತು.

ಹೊರಗೆ ಕಾರಕೂನನಿಗೆ ನಾನು ಮೊದಲೇ ಹೇಳಿಟ್ಟಿದ್ದೆ, ಈ ಸಲ ಕಟ್ಟೆಯ ಮೇಲೆ ಬೇರೆ ಪಾಠ ಇಲ್ಲ ಎಂದು. ಅವನು ಪ್ರಾಮಾಣಿಕವಾಗಿ ಅವರಿಗೆ ಅದನ್ನೇ ಹೇಳಿದ. ಈ ಸಲ ಖರೇನೇ ಹೇಳಬೇಕು, ಸಾಹೇಬರು ಒಳಗೆ ಹೇಳಿದ್ದೇ ಹೊರಗೂ, ಅಂದ. ಆಮೇಲೆ ನನಗೆ ಗೊತ್ತಾದ ಪ್ರಕಾರ, ಆ ಮಾತು ಕೇಳಿ ಇಬ್ಬರೂ ಒಬ್ಬರ ಮುಖ ಒಬ್ಬರು ನೋಡಿಕೊಂಡರು. ಹದಿನೈದು ವರ್ಷದಲ್ಲಿ ಕಾರಕೂನನ ಬಾಯಿಂದ ಇಂಥ ಮಾತು ಬಂದಿರಲಿಲ್ಲ. ಅಂದ ಮೇಲೆ ಸುತ್ತಮುತ್ತ ದಿಲ್ಲಿಯ ಗುಪ್ತ ಪೊಲೀಸರು ಕಿವಿಗೊಟ್ಟು ನಿಂತಿದ್ದಾರೆ, ಸಾಹೇಬರಿಗೆ ಸ್ವಂತ ಕಾರಕೂನನ ಕೂಡ ಮಾತನಾಡುವ ಹಾಗಿಲ್ಲ, ಇಂಥ ಕಷ್ಟಕಾಲದಲ್ಲಿ ಹಳೆಯವರಾದ ನಾವೇ ತಿಳಿದು ನಡೆಯಬೇಕು ಎಂದು ಅವರು ತೀರ್ಮಾನಿಸಿದರು. ಪೋಸ್ಟ್ ಮಾಸ್ಟರನನ್ನು ಆ ಕುರ್ಚಿಯಲ್ಲಿ ಕೂಡಿಸಿದವರು ಸಾಹೇಬರು. ಫೋಟೋದಲ್ಲಿರುವವರು ಸಾಹೇಬರು. ಅವನನ್ನು ಜೈಲಿಗೆ ಕಳಿಸಲು ಸಾಹೇಬರಿಗೆ ಹುಚ್ಚು ಹಿಡಿದಿದೆಯೇ?

ಇಷ್ಟು ತರ್ಕಶುದ್ಧವಾದ ತಪ್ಪನ್ನು ನಾನು ಯಾವ ತೀರ್ಪಿನಲ್ಲಿಯೂ ಓದಿಲ್ಲ.

ನ್ಯಾಯಾಧೀಶರು ಮೈಸೂರು ಕಡೆಯವರು. ತಾಳ್ಮೆಯವರು, ಸಾಕ್ಷಿಗಳಿಗೂ 'ದಯವಿಟ್ಟು' ಎನ್ನುವವರು. ಆರೋಪಿಯ ವಕೀಲ ಒಂದು ಕಾಲಕ್ಕೆ ನನ್ನ ಕೈಕೆಳಗೆ ಕೆಲಸ ಕಲಿತ ಹುಡುಗ. ಈಗ ಕಿಟಕಿಯ ಕಡೆ ಕೂತಿದ್ದ. ಮೊದಲು ಅಂಚೆಯ ಇನ್ಸ್‌ಪೆಕ್ಟರ ಸಾಕ್ಷಿಯಾಯಿತು. ಹುಡುಗ ಎದ್ದು, ಲಕೋಟೆಯನ್ನು ಇನ್ಸ್‌ಪೆಕ್ಟರೇ ಕಿಸೆಯಿಂದ ತೆಗೆದು ಫೋಟೋದ ಹಿಂದೆ ಸಿಕ್ಕಿಸಿದರು ಎಂದು ಸೂಚಿಸಿದ. ಹುಡುಗಿಯ ಕೈಗೆ ಟಪಾಲು ಮುಟ್ಟಿತ್ತು, ಅವಳೇ ಹೆಬ್ಬೆಟ್ಟು ಒತ್ತಿದ್ದಳು, ಮದುವೆಯ ಮಾತು ನಡೆದಿತ್ತೆಂದು ನೌಕರಿಗೆ ಹೋಗಲಿಲ್ಲ, ಆಮೇಲೆ ಮದುವೆ ಮುರಿದು ಆ ಲಕೋಟೆಯನ್ನೇ ಇನ್ಸ್‌ಪೆಕ್ಟರ ಕೈಗೆ ಕೊಟ್ಟು ಈ ನಾಟಕ ಹೂಡಿದಳು ಎಂದೂ ಸೇರಿಸಿದ. ಎರಡೂ ಒಂದಕ್ಕೊಂದು ಚೆನ್ನಾಗಿ ಹೊಂದುತ್ತಿದ್ದವು. ನಾನೇ ಕಲಿಸಿದ್ದು. ಹೆಬ್ಬೆಟ್ಟಿನ ವಿಷಯದಲ್ಲಿ ತಜ್ಞರು, ಮಸಿ ಹರಡಿದೆ, ಅದು ಯಾರದೆಂದು ಹೇಳಲು ಬರುವುದಿಲ್ಲ ಎಂದು ಮೊದಲೇ ಬರೆದು ಕೈತೊಳೆದುಕೊಂಡಿದ್ದರು.

ಇನ್ನು ಪಂಚರು. ಮುದುಕ ಕಟಕಟೆ ಹತ್ತಿ, ಪ್ರಮಾಣ ಮಾಡಿ, ಎದೆ ಮುಂದೆ ಮಾಡಿ ನಿಂತ. ಲಕೋಟೆ ತೋರಿಸಿ, ಇದು ಆರೋಪಿಯ ಮನೆಯಲ್ಲಿ ಫೋಟೋದ ಹಿಂದೆ ಸಿಕ್ಕಿದ್ದನ್ನು ನೋಡಿದಿರೇನು ಎಂದು ಕೇಳಿದೆ.

"ಫೋಟೋ ನೋಡೇನ್ರಿ. ಚಲೋ ಬಂದೈತಿ. ಅದರ ಹಿಂದ ಏನೂ ನೋಡಿಲ್ರಿ."

ನ್ಯಾಯಾಧೀಶರು ನನ್ನನ್ನು ನೋಡಿದರು. ಕಿಟಕಿಯ ಕಡೆಯ ಹುಡುಗ ಹೊರಗೆ ಏನೋ ಬಹಳ ಮುಖ್ಯವಾದದ್ದು ನಡೆದಿದೆ ಎಂಬಂತೆ ಅತ್ತ ಮುಖ ಮಾಡಿದ. ನಾನು ನನ್ನ ಬದುಕಿನಲ್ಲಿ ಮೊದಲ ಸಲ, ಈ ಸಾಕ್ಷಿ ಪ್ರತಿಕೂಲನಾಗಿದ್ದಾನೆ, ಇವನಿಗೆ ಪಾಟೀ ಸವಾಲು ಹಾಕಲು ಅನುಮತಿ ಬೇಕು ಎಂದು ಕೇಳಿಕೊಂಡೆ. ಈ ವಾಕ್ಯವನ್ನು ಹದಿನೈದು ವರ್ಷ ಬೇರೆಯವರ ಬಾಯಿಂದ ಕೇಳಿ ಆನಂದಪಟ್ಟಿದ್ದೆ.

ಪಂಚನಾಮೆಯ ಮೇಲಿನ ಸಹಿ ಯಾರದು ಎಂದೆ. ತನ್ನದೇ ಎಂದ. ಸಹಿ ಮಾಡುವ ಮುಂಚೆ ಓದಿ ಹೇಳಲಿಲ್ಲವೇ ಎಂದೆ. ಓದಿರಬೇಕು, ಚಹದ ಅಂಗಡಿಯಲ್ಲಿ ಗದ್ದಲ ಬಹಳ ಇತ್ತು ಎಂದ. ಶೋಧದ ವೇಳೆಗೆ ಎಲ್ಲಿದ್ದೆ ಎಂದೆ. ಎತ್ತಿಗೆ ನೀರು ಕುಡಿಸುತ್ತಿದ್ದೆ ಎಂದ. ಎರಡು ತಾಸು ನೀರು ಕುಡಿಸಿದೆಯಾ ಎಂದೆ. ಬಿಸಿಲು ಜೋರಿತ್ತು ಎಂದ. ನಾನು ದನಿ ಏರಿಸಿದೆ, ಇಳಿಸಿದೆ, ಕೋಟಿನ ತುದಿ ಹಿಡಿದು ಮೂರು ಹೆಜ್ಜೆ ಮುಂದೆ ಹೋದೆ, ಎರಡು ಹೆಜ್ಜೆ ಹಿಂದೆ ಬಂದೆ. ಮುದುಕ ಕಲ್ಲಿನ ಕಂಬದ ಹಾಗೆ ನಿಂತಿದ್ದ. ಅವನನ್ನು ಅಲ್ಲಾಡಿಸಲು ಆ ಜಿಲ್ಲೆಯ ಯಾವ ಸರಕಾರಿ ವಕೀಲನಿಗೂ ಹಿಂದೆ ಆಗಿರಲಿಲ್ಲ. ಈಗಲೂ ಆಗಲಿಲ್ಲ. ನಡುವೆ ಒಮ್ಮೆ, ನಾನು ಸಿಟ್ಟಿನಲ್ಲಿ ಕಾಗದ ಮೇಜಿಗೆ ಕುಕ್ಕಿದಾಗ, ನನ್ನ ನಟನೆಗೆ ಮೆಚ್ಚಿದವನಂತೆ ಸಣ್ಣಗೆ ತಲೆಯಾಡಿಸಿದ.

ಕಿರಾಣಿ ಅಂಗಡಿಯವನು ಬಂದು ಅದನ್ನೇ ಹೇಳಿದ. ಎತ್ತು ಮಾತ್ರ ಬಿಟ್ಟ, ಅವನ ಹತ್ತಿರ ಎತ್ತು ಇರಲಿಲ್ಲ. ನ್ಯಾಯಾಧೀಶರು ಊಟಕ್ಕೆ ಎದ್ದರು.

ಹೊರಗೆ ಜಗಲಿಯ ಮೇಲೆ ಮುದುಕ ನನಗಾಗಿಯೇ ಕಾದಿದ್ದ. ಮುಖ ಬೆಳಗುತ್ತಿತ್ತು.

"ಹೆಂಗ ಆತ್ರಿ ಸಾಹೇಬ್ರ? ಮೊದಲಿನಂಗ ಬರತೈತೋ ಇಲ್ಲೋ ಅಂತ ಅಂಜಿಕಿ ಇತ್ರಿ. ವಯಸ್ಸಾತಲ್ಲ."

ನಾನು ಏನು ಅಂದೆ ಎಂಬುದನ್ನು ಪೂರ್ತಿ ಬರೆಯಲು ಬರುವುದಿಲ್ಲ. ಸಾರಾಂಶ ಇಷ್ಟು: ನಿನಗೆ ಬುದ್ಧಿ ಇದೆಯೇ, ನಾನು ಮೂರು ಸಲ ಹೇಳಲಿಲ್ಲವೇ, ನಿನ್ನ ಊರಿನ ಹುಡುಗಿಯ ನೌಕರಿ ಹೋಯಿತು, ಗೊತ್ತಿದೆಯೇ. ಅವನು ಸಿಟ್ಟಾಗಲಿಲ್ಲ. ಸಣ್ಣ ಮಕ್ಕಳಿಗೆ ತಿಳಿಹೇಳುವ ದನಿಯಲ್ಲಿ ನನಗೆ ತಿಳಿಹೇಳಿದ.

"ಅಕಿ ನೌಕರಿ ಯಾಕ ಹೊಕ್ಕೈತ್ರಿ? ಇವನ್ನ ನೀವು ಬಿಡಸ್ತೀರಿ, ಅಕಿಗಿ ಒಂದ ಚೀಟಿ ಬರದ ನೌಕರಿ ಕೊಡಸ್ತೀರಿ. ಎರಡೂ ಮನಿ ಉಳೀತಾವು. ಊರಾಗ ಹಂಗ ಮಾತಾಗೇತಿ."

"ಯಾರ ಮಾತಾಡಿದ್ರು? ನಾ ಈಗ ಶಾಸಕ ಅಲ್ಲೋ ಮಾರಾಯಾ. ನನ್ನ ಚೀಟಿ ಯಾರೂ ನೋಡಂಗಿಲ್ಲ. ಇಲ್ಲಿ ಖರೇ ಹೇಳಿದ್ರ ಮಾತ್ರ ಅಕಿಗಿ ನೌಕರಿ."

ಇದು ಅವನಿಗೆ ನಿಜವಾಗಿಯೂ ಹೊಸ ಸುದ್ದಿ. ಕೋರ್ಟಿನಲ್ಲಿ ಖರೇ ಹೇಳುವುದಕ್ಕೂ ಒಬ್ಬರಿಗೆ ನೌಕರಿ ಸಿಗುವುದಕ್ಕೂ ಸಂಬಂಧವಿದೆ ಎಂದು ಅವನ ಎಪ್ಪತ್ತು ವರ್ಷದಲ್ಲಿ ಯಾರೂ ಅವನಿಗೆ ಹೇಳಿರಲಿಲ್ಲ. ನಾನಂತೂ ಹೇಳಿರಲಿಲ್ಲ. ಅವನ ಮುಖ ನಿಧಾನವಾಗಿ ಇಳಿಯಿತು. ಟೊಪ್ಪಿಗೆ ತೆಗೆದು ಕೈಯಲ್ಲಿ ಹಿಡಿದುಕೊಂಡ. "ಮತ್ತೊಮ್ಮಿ ನಿಂದ್ರಸರಿ ನನ್ನ" ಎಂದ, "ಈ ಸಲ ನೋಡಿದ್ದ ಹೇಳತೇನಿ." ಕೋರ್ಟಿನಲ್ಲಿ ಹಾಗೆ ಬರುವುದಿಲ್ಲ ಎಂದೆ. ಇದೆಂಥಾ ಕೋರ್ಟು, ಸುಳ್ಳು ಹೇಳಿದವನು ಖರೇ ಹೇಳುತ್ತೇನೆಂದರೆ ಬೇಡ ಅನ್ನುವುದು ಎಂದು ಅವನು ಕೇಳಿದ. ಕಿರಾಣಿ ಅಂಗಡಿಯವನ ಕಡೆ ತಿರುಗಿ ಅವನಿಗೂ ನಾಲ್ಕು ಮಾತು ಹೇಳಲು ಬಾಯಿ ತೆರೆದೆ.

ಅಲ್ಲಿಯವರೆಗೆ ಮೆಟ್ಟಿಲ ಹತ್ತಿರ ತಂದೆಯ ಜೊತೆ ಸುಮ್ಮನೆ ನಿಂತಿದ್ದ ಹುಡುಗಿ ಮುಂದೆ ಬಂದಳು. ನಾನು ಅವಳನ್ನು ಕೊನೆಯ ಸಾಕ್ಷಿಯಾಗಿ ಇಟ್ಟಿದ್ದೆ. ಮೊದಲೇ ನಿಲ್ಲಿಸಬೇಕಿತ್ತು ಎಂಬುದು ಯಾವ ಸರಕಾರಿ ವಕೀಲನಿಗಾದರೂ ಗೊತ್ತಿರುತ್ತಿತ್ತು.

"ಸರ, ನೀವು ಇನ್ನ ಯಾರ ಜೋಡಿನೂ ಮಾತಾಡಬ್ಯಾಡ್ರಿ" ಎಂದಳು. "ನೀವು ಮಾತಾಡಿದಷ್ಟೂ ಇವರು ಭಾಳ ಶ್ಯಾಣ್ಯಾ ಆಗಾಕತ್ತಾರ."

ಮುದುಕ ಅವಳ ಕಡೆ ನೋಡಲಾರದೆ, "ತಪ್ಪಾತು ಯವ್ವಾ" ಎಂದ. "ಇರಲಿ ಕಾಕಾ, ಉಣ್ಣ ಹೋಗ್ರಿ" ಎಂದಳು. ಆಮೇಲೆ ನನ್ನನ್ನು ಕೇಳಿದಳು, ಆ ಲಕೋಟೆಯಲ್ಲಿ ನಿಜವಾಗಿ ಏನು ಬರೆದಿದ್ದಾರೆ ಎಂದು. ನೇಮಕದ ಆದೇಶ ಎಂದೆ. ಅದು ತನಗೂ ಗೊತ್ತು, ಆದರೆ ಯಾರು ಓದಿದ್ದಾರೆ ಎಂದಳು.

ಯಾರೂ ಓದಿರಲಿಲ್ಲ. ಪೋಸ್ಟ್ ಮಾಸ್ಟರನಿಗೆ ಓದುವ ಅಗತ್ಯವಿರಲಿಲ್ಲ, ಲಕೋಟೆಯ ಮೇಲಿದ್ದ ಕಚೇರಿಯ ಮುದ್ರೆ ನೋಡಿಯೇ ಅವನಿಗೆ ಗೊತ್ತಾಗಿತ್ತು. ಇನ್ಸ್‌ಪೆಕ್ಟರು ಅದನ್ನು ಇದ್ದ ಹಾಗೇ ಇನ್ನೊಂದು ದೊಡ್ಡ ಲಕೋಟೆಯಲ್ಲಿ ಹಾಕಿ ಅರಗು ಒತ್ತಿದ್ದರು. ಮುಂಜಾನೆ ಕೋರ್ಟಿನಲ್ಲಿ ಆ ದೊಡ್ಡದನ್ನು ಒಡೆದ ಮೇಲೆ ನಾನು ಒಳಗಿನದನ್ನು ಕೈಯಲ್ಲಿ ಹಿಡಿದು ಇಬ್ಬರು ಸಾಕ್ಷಿಗಳಿಗೆ ತೋರಿಸಿದ್ದೆ. ಅಂಟು ಬಿಟ್ಟಿಲ್ಲ ಎಂಬುದನ್ನು ನೋಡಿದ್ದೆ. ನೋಡಿದ್ದರ ಅರ್ಥ ಮಾತ್ರ ತಿಳಿದಿರಲಿಲ್ಲ. ಹದಿನೈದು ವರ್ಷ ಬೇರೆಯವರು ಕಟ್ಟಿದ ಕೇಸು ಕೆಡವಿದವನಿಗೆ, ಒಂದು ವಸ್ತುವಿನಿಂದ ಏನನ್ನಾದರೂ ಕಟ್ಟಬಹುದು ಎಂಬ ವಿಚಾರವೇ ಹೊಳೆಯುತ್ತಿರಲಿಲ್ಲ. ಟಪಾಲು ಹುಡುಗಿಗೆ ಮುಟ್ಟಿತ್ತು, ನೌಕರಿ ಬೇಡವೆಂದು ಬಿಟ್ಟಳು ಎನ್ನುತ್ತಾನೆ ಕಿಟಕಿಯ ಕಡೆಯವನು. ತರಬೇತಿ ಮುಗಿಸಿ ಎರಡು ವರ್ಷ ಆದೇಶದ ದಾರಿ ನೋಡಿದವಳು, ಬಂದ ಟಪಾಲನ್ನು ಬಿಚ್ಚದೆಯೇ ಬೇಡ ಎಂದಳೇ?

ಮಧ್ಯಾಹ್ನ ಅವಳು ಕಟಕಟೆಯಲ್ಲಿ ನಿಂತಳು. ನಾನು ಕೇಳಿದ್ದು ಮೂರು ಪ್ರಶ್ನೆ. ಮುಂಜಾನೆಯಿಂದ ನನ್ನ ಪ್ರಶ್ನೆಗಳ ಫಲ ನೋಡಿದ್ದೆ, ನಾಲ್ಕನೆಯದಕ್ಕೆ ಧೈರ್ಯ ಬರಲಿಲ್ಲ. ಈ ಲಕೋಟೆ ನಿಮ್ಮ ಕೈಗೆ ಬಂದಿತ್ತೇನು? ಇಲ್ಲ. ಇದರ ಒಳಗೆ ಏನಿದೆ ಗೊತ್ತೇನು? ಜನ ಹೇಳುತ್ತಾರೆ, ನಾನು ಓದಿಲ್ಲ. ಮೂರನೆಯದು ನ್ಯಾಯಾಧೀಶರಿಗೆ: ಇದನ್ನು ಮಹಾಸ್ವಾಮಿಗಳ ಸಮಕ್ಷಮ ಬಿಚ್ಚಬಹುದೇ?

ನ್ಯಾಯಾಧೀಶರು ಲಕೋಟೆಯನ್ನು ಬೆಳಕಿಗೆ ಹಿಡಿದರು. ಹಿಂದೆ ಮುಂದೆ ತಿರುಗಿಸಿದರು. ಅಂಟು, ಅಂಚೆ ಮುದ್ರೆ ಎಲ್ಲ ಇದ್ದ ಹಾಗೇ ಇವೆ ಎಂದು ದಾಖಲು ಮಾಡಿಸಿದರು. ಕಿಟಕಿಯ ಕಡೆಯ ಹುಡುಗ ಅರ್ಧ ಎದ್ದು, ಏನು ಆಕ್ಷೇಪಿಸಬೇಕೆಂದು ತಿಳಿಯದೆ ಮತ್ತೆ ಕೂತ. ಅದನ್ನು ನಾನು ಅವನಿಗೆ ಕಲಿಸಿರಲಿಲ್ಲ. ಕತ್ತರಿ ಹುಡುಕಿದರು, ಸಿಗಲಿಲ್ಲ. ಶಿರಸ್ತೇದಾರರು ಮರದ ಅಳತೆಪಟ್ಟಿಯಿಂದ ಅಂಚು ಹರಿದರು. ನ್ಯಾಯಾಧೀಶರು ಒಳಗಿನ ಹಾಳೆ ತೆಗೆದು, ತಾವು ಓದಲಿಲ್ಲ. ಕೈ ಚಾಚಿ ಅವಳಿಗೆ ಕೊಟ್ಟು, ದಯವಿಟ್ಟು ನೀವೇ ಓದಿ ಎಂದರು.

ಅವಳು ಸೆರಗು ಸರಿಮಾಡಿಕೊಂಡು, ಹಾಳೆಯನ್ನು ಎರಡೂ ಕೈಯಲ್ಲಿ ಹಿಡಿದು, ಹಿಂದಿನ ಬೆಂಚಿನ ಮಕ್ಕಳಿಗೂ ಕೇಳಬೇಕು ಎಂಬ ದನಿಯಲ್ಲಿ ಓದಿದಳು. ತನ್ನ ಹೆಸರು, ತಂದೆಯ ಹೆಸರು, ಶಾಲೆಯ ಹೆಸರು, ಆದೇಶ ತಲುಪಿದ ಹದಿನೈದು ದಿವಸಗಳೊಳಗಾಗಿ ಹಾಜರಾಗತಕ್ಕದ್ದು, ತಪ್ಪಿದಲ್ಲಿ ನೇಮಕವು ತಾನಾಗಿಯೇ ರದ್ದಾಗತಕ್ಕದ್ದು. ಕೆಳಗಿನ 'ಪ್ರತಿಯನ್ನು ಮಾಹಿತಿಗಾಗಿ ಕಳಿಸಲಾಗಿದೆ' ಎಂಬುದನ್ನೂ ಬಿಡಲಿಲ್ಲ. ಹಿಂದೆ ನಿಂತಿದ್ದ ಪಿಂಜಾರ ತಂದೆ ಟವೆಲು ಬಾಯಿಗೆ ಒತ್ತಿಕೊಂಡಿದ್ದ.

ಪಾಟೀ ಸವಾಲಿಗೆ ಎದ್ದ ಹುಡುಗ, ರಸೀದಿಯ ಮೇಲಿನ ಹೆಬ್ಬೆಟ್ಟು ನಿನ್ನದೇ ಅಲ್ಲವೇ ಎಂದು ಕೇಳಿದ. "ನಾ ಮೂರನೇ ಇಯತ್ತೆಯಿಂದ ಸಹಿ ಮಾಡತೇನ್ರಿ" ಎಂದಳು. ಅವನು ಕೂತ.

ತೀರ್ಪು ದಸರೆಯ ರಜೆಗೆ ಮುಂಚೆ ಬಂತು. ಬಾಗೇವಾಡಿಯಲ್ಲಿ ಆಮೇಲೆ ಹಬ್ಬಿದ ಸುದ್ದಿಯ ಪ್ರಕಾರ ಆ ತೀರ್ಪು ನನ್ನ ಜೀವಮಾನದ ಅತಿ ದೊಡ್ಡ ಗೆಲುವು. ಪೋಸ್ಟ್ ಮಾಸ್ಟರನನ್ನು ಸಾಹೇಬರು ಬಿಡಿಸಿದರು, ಹುಡುಗಿಗೆ ಸಾಹೇಬರ ಚೀಟಿಯಿಂದ ನೌಕರಿಯಾಯಿತು, ಎರಡೂ ಮನೆ ಉಳಿದವು. ನಾನು ಯಾವ ಚೀಟಿಯನ್ನೂ ಬರೆದಿಲ್ಲ ಎಂದು ಎದುರಿಗೆ ಸಿಕ್ಕವರಿಗೆಲ್ಲ ಹೇಳಿದೆ. ಎಲ್ಲರೂ ತಿಳೀತ್ರಿ ಎಂದರು. ಆ ವಾರ ನನ್ನ ಕಟ್ಟೆಯ ಮೇಲೆ ಅಂಚೆ ಮತ್ತು ರೈಲಿಗೆ ಸಂಬಂಧಪಟ್ಟ ಹೊಸ ಆರೋಪಿಗಳ ಕಡೆಯವರು ಬಂದು ಕೂತಿದ್ದರು. ಕಾರಕೂನ ಅವರಿಗೆ ಎಲೆ ಅಡಿಕೆ ಕೊಡುತ್ತಿದ್ದ. ಮುದುಕನೊಬ್ಬನೇ ಊರಿನಲ್ಲಿ ಬೇರೆ ಥರ ಹೇಳುತ್ತಿದ್ದನಂತೆ, ನೌಕರಿ ಹುಡುಗಿ ಓದಿದ್ದಕ್ಕೆ ಬಂತು ಎಂದು. ಅವನ ಮಾತನ್ನು ಯಾರೂ ನಂಬಲಿಲ್ಲ, ಅವನು ಕೋರ್ಟಿನಲ್ಲಿ ಸುಳ್ಳು ಹೇಳುವವನು ಎಂದು ಎಲ್ಲರಿಗೂ ಗೊತ್ತಿತ್ತು.

ನ್ಯಾಯಾಧೀಶರು ಬರೆದದ್ದು ಇಷ್ಟು: ಲಕೋಟೆಯನ್ನು ಫೋಟೋದ ಹಿಂದೆ ಇಟ್ಟವರು ಯಾರೆಂದು ರುಜುವಾತಾಗಿಲ್ಲ, ಪಂಚರು ಪ್ರತಿಕೂಲವಾಗಿ ಸಾಕ್ಷಿ ನುಡಿದಿದ್ದಾರೆ, ಆದ್ದರಿಂದ ಸಂಶಯದ ಲಾಭ ಆರೋಪಿಗೆ, ಆದರೆ ಟಪಾಲು ವಿಳಾಸದಾರಳಿಗೆ ಮುಟ್ಟಿಲ್ಲ ಎಂಬುದು ನಿರ್ವಿವಾದವಾಗಿ ಸಿದ್ಧವಾಗಿದೆ. ಪೋಸ್ಟ್ ಮಾಸ್ಟರ್ ಖುಲಾಸೆಯಾದ. ಹುಡುಗಿ ದೀಪಾವಳಿಗೆ ಒಂಬತ್ತು ದಿನ ಮುಂಚೆ ಮುದ್ದೇಬಿಹಾಳ ತಾಲೂಕಿನ ಒಂದು ಕನ್ನಡ ಪ್ರಾಥಮಿಕ ಶಾಲೆಯಲ್ಲಿ ಕೆಲಸಕ್ಕೆ ಹಾಜರಾದಳು.